ಸೂಚಿಯಲ್ಲಿ ಇಲ್ಲದ ಹೆಸರು

ಲಂಡನ್ನಿನ ರಾಜಕಾರಣಿಗಳು ಪುಸ್ತಕವನ್ನು ಹಿಂದಿನಿಂದ ಓದುತ್ತಾರೆ. ಅಂಗಡಿಯಲ್ಲಿ ನಿಂತವರೇ ಕೊನೆಯ ಹಾಳೆಗಳನ್ನು ತೆರೆದು, ಅಲ್ಲಿ ಅಕ್ಷರಕ್ರಮದಲ್ಲಿ ಕೊಟ್ಟಿರುವ ಹೆಸರುಗಳ ಸೂಚಿಯಲ್ಲಿ ತಾವಿದ್ದೇವೆಯೇ ಎಂದು ಬೆರಳಾಡಿಸುತ್ತಾರೆ. ಇದ್ದರೆ ಆ ಪುಟವಷ್ಟನ್ನೇ ತಿರುವಿ ನೋಡುತ್ತಾರೆ, ಇಲ್ಲದಿದ್ದರೆ ಪುಸ್ತಕವನ್ನು ಇದ್ದಲ್ಲೇ ಇಟ್ಟು ಹೋಗುತ್ತಾರೆ. ನಲವತ್ತು ವರ್ಷ ಒಂದೇ ಪತ್ರಿಕೆಯಲ್ಲಿ ದೇಶದ ಅರ್ಥವ್ಯವಸ್ಥೆಯ ಬಗ್ಗೆ ಬರೆದ ಎನಿಡ್ ಹಾರ್ಗ್ರೀವ್ಸ್‌ಗೆ ಈ ಚಾಳಿ ಗೊತ್ತಿರಲಿಲ್ಲವೇ? ಚೆನ್ನಾಗಿ ಗೊತ್ತಿತ್ತು. ಗೊತ್ತಿದ್ದೇ ಅವಳು ತನ್ನ ನಾಲ್ಕನೆಯ ಪುಸ್ತಕದ ಸೂಚಿಯಿಂದ ಒಂದು ಹೆಸರನ್ನು ಬೇಕೆಂತಲೇ ಬಿಟ್ಟಿದ್ದಳು.

ಆ ಹೆಸರು ಜೆರಾಲ್ಡ್ ಟ್ರೆಡ್‌ಗೋಲ್ಡ್‌ನದು. ಒಂದು ಕಾಲದಲ್ಲಿ ಕೈಗಾರಿಕಾ ಮಂತ್ರಿಯಾಗಿ ಮೆರೆದವನು, ಈಗ ಮೇಲ್ಮನೆಯ ಕೆಂಪು ಬೆಂಚಿನಲ್ಲಿ ತೂಕಡಿಸುವ ಲಾರ್ಡ್. ಪುಸ್ತಕದ ಐದನೆಯ ಅಧ್ಯಾಯ ಪೂರ್ತಿ ಅವನದೇ ಕಥೆ. ಅಡುಗೆಮನೆಯ ಮೇಜಿನ ಮೇಲೆ ಸೂಚಿಯ ಚೀಟಿಗಳನ್ನು ಹರಡಿಕೊಂಡು ಕೂತಿದ್ದ ಎನಿಡ್, ಅವನ ಚೀಟಿ ಕೈಗೆ ಬಂದಾಗ, "ಒಂದು ಸಲವಾದರೂ ಮೊದಲಿಂದ ಓದಲಿ ಈ ಮಹಾನುಭಾವ" ಎಂದು ಗೊಣಗಿ, ಅದನ್ನು ಹರಿದು ಹಿಂಡಿದ ಚಹಾ ಚೀಲಗಳ ಜೊತೆ ಬುಟ್ಟಿಗೆ ಹಾಕಿದ್ದಳು.

ಅವಳ ಕೋಪ ಇಂದು ನಿನ್ನೆಯದಲ್ಲ. ಅದು ಹುಟ್ಟಿದ್ದು ಇಂಗ್ಲೆಂಡಿನ ಉತ್ತರಕ್ಕಿರುವ ಲ್ಯಾಂಕಾಶೈರಿನ ಥಾರ್ನ್‌ಶಾ ಎಂಬ ಊರಿನಲ್ಲಿ, ಅವಳದೇ ಊರಿನಲ್ಲಿ. ಮಗ್ಗದ ಯಂತ್ರಗಳನ್ನು ಮಾಡುವ ಸರಕಾರಿ ಕಾರ್ಖಾನೆಯೊಂದೇ ಆ ಊರಿನ ಅನ್ನ. ಕಾರ್ಖಾನೆ ಮುಚ್ಚುತ್ತದಂತೆ ಎಂಬ ಗುಲ್ಲು ಎದ್ದಿದ್ದ ಒಂದು ಚಳಿಗಾಲದಲ್ಲಿ ಮಂತ್ರಿ ಟ್ರೆಡ್‌ಗೋಲ್ಡ್ ಬಂದ. ಕ್ಯಾಂಟೀನಿನಲ್ಲಿ ಹೆಂಗಸರ ನಡುವೆ ಕೂತು ಹಿಟ್ಟಿನೊಳಗೆ ಆಲೂಗಡ್ಡೆ ತುಂಬಿ ಬೇಯಿಸಿದ ಪೈ ತಿಂದ, ಕಾರ್ಖಾನೆ ಎಲ್ಲಿಗೂ ಹೋಗುವುದಿಲ್ಲ ಎಂದು ಮಾತು ಕೊಟ್ಟ. ಅಂದು ಅವನಿಗೆ ಬಡಿಸಿದವಳು ಎನಿಡ್‌ಳ ಅಕ್ಕ ಡೋರೀನ್. ಡೋರೀನ್‌ಳ ಗಂಡ ಆಲ್ಫ್ ಡಕ್ಸ್‌ಬರಿ ಅದೇ ಕಾರ್ಖಾನೆಯಲ್ಲಿ ಫಿಟ್ಟರ್. ಕೆನಡಾದಲ್ಲಿ ಕೆಲಸ ಕೊಡುತ್ತೇವೆಂದು ಬಂದಿದ್ದ ಕಾಗದಕ್ಕೆ ಒಪ್ಪಿಗೆ ಬರೆಯಬೇಕಾಗಿದ್ದವನು, ಮಂತ್ರಿಯ ಮಾತು ನಂಬಿ, ಆ ಸಂಜೆಯೇ ಅದನ್ನು ಒಲೆಗೆ ಹಾಕಿದ. ವಸಂತ ಬರುವ ಹೊತ್ತಿಗೆ ಕಾರ್ಖಾನೆಯ ಗೇಟಿಗೆ ಬೀಗ ಬಿತ್ತು. ಆಲ್ಫ್‌ಗೆ ಮತ್ತೆ ನೆಟ್ಟಗೆ ಒಂದು ಕೆಲಸ ಸಿಗಲಿಲ್ಲ. ಕಿಟಕಿಯ ಪಕ್ಕದ ಕುರ್ಚಿಯಲ್ಲಿ ಕೂತು ಕೂತೇ ಮುದುಕನಾಗಿ, ಐವತ್ತಕ್ಕೇ ಸತ್ತ.

ಡೋರೀನ್‌ಗೆ ಅಂದಿನಿಂದ ಇದ್ದದ್ದು ಒಂದೇ ಪ್ರಶ್ನೆ. ಕ್ರಿಸ್ಮಸ್ಸಿಗೆ ಕೇಳುತ್ತಿದ್ದಳು, ಫೋನಿನಲ್ಲಿ ಕೇಳುತ್ತಿದ್ದಳು, ಪಾತ್ರೆ ತೊಳೆಯುವಾಗ ಬೆನ್ನು ಹಾಕಿಕೊಂಡೇ ಕೇಳುತ್ತಿದ್ದಳು: "ನನ್ನ ಕೈಯಿಂದ ಪೈ ಹಾಕಿಸ್ಕೊಂಡು ತಿಂದನಲ್ಲ, ಆಗ ಅವನಿಗೆ ಗೊತ್ತಿತ್ತಾ?"

ಎನಿಡ್ ಆಗ ಪತ್ರಿಕೆಯ ಅರ್ಥಶಾಸ್ತ್ರ ವಿಭಾಗದಲ್ಲಿದ್ದ ಒಬ್ಬಳೇ ಹೆಂಗಸು. ಸೇರಿದ ಹೊಸದರಲ್ಲಿ ಅವಳಿಗೆ ಮೊಟ್ಟೆ ಬೆಣ್ಣೆಗಳ ಬೆಲೆಯನ್ನು ಮಾತ್ರ ಬರೆಯಲು ಕೊಡುತ್ತಿದ್ದರು. "ಚಿನ್ನ, ಒಂದು ಕಪ್ ಚಹಾ ಮಾಡ್ತೀಯಾ?" ಎಂದು ಕೇಳಿದವರಿಗೆ ಅವಳು ಚಹಾ ಮಾಡಿಕೊಟ್ಟು, ಅದೇ ಸಿಟ್ಟಿನಲ್ಲಿ ಬೆಣ್ಣೆಯ ಬೆಲೆಯಿಂದ ಶುರುಮಾಡಿ ಖಜಾನೆಯ ಬಾಗಿಲವರೆಗೆ ಹೋಗುವ ಲೇಖನ ಬರೆಯುತ್ತಿದ್ದಳು. ಥಾರ್ನ್‌ಶಾ ಮುಚ್ಚಿದ ಮೇಲೆ ಅವಳ ಮೊದಲ ಪುಸ್ತಕ 'ನಿಂತ ಮಗ್ಗಗಳು' ಬಂತು. ಬಿಡುಗಡೆಯ ದಿನ ಟ್ರೆಡ್‌ಗೋಲ್ಡ್ ಕೂಡ ಬಂದಿದ್ದ, ಅಲ್ಲಿ ವೈನ್ ಪುಕ್ಕಟೆಯಲ್ಲವೇ. ಗ್ಲಾಸು ಹಿಡಿದೇ ಪುಸ್ತಕವನ್ನು ಹಿಂದಿನಿಂದ ತೆರೆದು, ಸೂಚಿಯಲ್ಲಿ ತನ್ನ ಹೆಸರು ಹುಡುಕಿ, ಅಲ್ಲಿ ಸಿಕ್ಕ ಒಂದೂವರೆ ಪುಟ ನೋಡಿ, ಎಲ್ಲರಿಗೂ ಕೇಳುವಂತೆ ಹೇಳಿದ: "ಮಿಸ್ ಹಾರ್ಗ್ರೀವ್ಸ್‌ಗೆ ಕೂಡೋದು ಬರುತ್ತೆ, ಕಳೆಯೋದು ಬರುತ್ತೆ. ಅಳೋದು ನಿಲ್ಲಿಸೋದೊಂದು ಕಲೀಬೇಕು."

ಎಲ್ಲರೂ ನಕ್ಕರು. ಅವಳ ಸಂಪಾದಕನೂ ನಕ್ಕ. ಆ ಮಾತು ಮಾರನೆಯ ದಿನ ಮೂರು ಪತ್ರಿಕೆಗಳಲ್ಲಿ ಬಂದು, ಎಷ್ಟೋ ವರ್ಷ ಅವಳ ಬೆನ್ನು ಬಿಡಲಿಲ್ಲ. ಎರಡನೆಯ ಪುಸ್ತಕ ಪೌಂಡಿನ ಬೆಲೆ ಕುಸಿದ ಕಥೆ, ಮೂರನೆಯದು ಬ್ಯಾಂಕುಗಳದು. ಮೂರನೆಯದು ಅಂಗಡಿಗೆ ಬರುವುದಕ್ಕೂ ಬ್ಯಾಂಕುಗಳು ಮುಳುಗುವುದಕ್ಕೂ ಸರಿಹೋಗಿ, ಅದುವರೆಗೆ ಅವಳನ್ನು ಕಣ್ಣೆತ್ತಿ ನೋಡದವರೆಲ್ಲ ಭವಿಷ್ಯ ನುಡಿದವಳು ಎಂದು ಹೊಗಳತೊಡಗಿದರು. ನಾನು ಏನೂ ನುಡಿದಿರಲಿಲ್ಲ, ದುಡ್ಡು ಎಲ್ಲಿದೆ ಅಂತ ಕೇಳಿದ್ದೆ ಅಷ್ಟೇ ಎಂದು ಅವಳು ಹೇಳಿದರೆ ಅದನ್ನೂ ವಿನಯ ಎಂದುಕೊಂಡರು. ನಿವೃತ್ತಿಯ ದಿನ ಪತ್ರಿಕೆಯವರ ಹಳೆಯ ಪದ್ಧತಿಯಂತೆ ಸಹೋದ್ಯೋಗಿಗಳೆಲ್ಲ ಸ್ಕೇಲು, ಸ್ಟೇಪ್ಲರು, ಚಹಾ ಲೋಟ, ಕೈಗೆ ಸಿಕ್ಕಿದ್ದರಲ್ಲಿ ಮೇಜು ಬಡಿದು, ಅವಳು ಬಾಗಿಲು ದಾಟುವವರೆಗೂ ಬಡಿಯುತ್ತಲೇ ಇದ್ದು ಬೀಳ್ಕೊಟ್ಟರು. ಆ ಗದ್ದಲದಲ್ಲಿ ಅವಳಿಗೆ ನೆನಪಾದದ್ದು ಕಾರ್ಖಾನೆಯ ಸದ್ದು.

ನಿವೃತ್ತಿಯಾದವಳು ಸುಮ್ಮನೆ ಕೂರಲಿಲ್ಲ. ಸರಕಾರಿ ಕಾಗದಗಳನ್ನು ಮೂವತ್ತು ವರ್ಷ ಮುಚ್ಚಿಟ್ಟು ಆಮೇಲೆ ಜನರಿಗೆ ತೋರಿಸುವುದು ಅಲ್ಲಿನ ಕಾನೂನು. ಥಾರ್ನ್‌ಶಾದ ಕಾಗದಗಳು ತೆರೆದ ವಾರವೇ ಎನಿಡ್ ದಾಖಲೆಮನೆಗೆ ಹೋಗಿ ಕೂತು, ಟ್ರೆಡ್‌ಗೋಲ್ಡ್ ಬರೆದ ಒಂದು ಟಿಪ್ಪಣಿಯನ್ನು ಕಂಡಳು. ಕಾರ್ಖಾನೆ ಮುಚ್ಚುವ ಆದೇಶಕ್ಕೆ ಅವನು ಸಹಿ ಮಾಡಿದ್ದು ಪೈ ತಿನ್ನುವುದಕ್ಕೆ ಮೂರು ದಿನ ಮೊದಲು. ಎನಿಡ್ ಹೊರಗೆ ಬಂದು ಅಲ್ಲೇ ಮೆಟ್ಟಿಲ ಮೇಲೆ ಕೂತು ಅಕ್ಕನಿಗೆ ಫೋನ್ ಮಾಡಿದಳು.

ಆ ಕಡೆ ಡೋರೀನ್ ತೊಳೆಯುತ್ತಿದ್ದ ಪಾತ್ರೆಯನ್ನು ಕೆಳಗಿಟ್ಟಳು. ಆಮೇಲೆ, "ಸರಿ ಕಣೇ. ನೀನು ಹುಡುಕಿದೆ, ಒಳ್ಳೇದಾಯ್ತು. ಆದರೆ ಕಾಗದ ಹೇಳಿದರೆ ನನಗೆ ಸಾಲದು. ಅವನು ಮಾತು ಕೊಟ್ಟಿದ್ದು ಬಾಯಲ್ಲಿ. ಇದನ್ನೂ ಬಾಯಲ್ಲೇ ಹೇಳಬೇಕು," ಎಂದಳು.

"ಅವನು ಹೇಳ್ತಾನೆ ಅಂದ್ಕೊಂಡಿದ್ದೀಯಾ?"

"ನೀನೇ ತಾನೆ ದೊಡ್ಡ ಪತ್ರಕರ್ತೆ. ಹೇಳಿಸು."

ಎನಿಡ್ ಅವನಿಗೆ ಎರಡು ಪತ್ರ ಬರೆದಳು. ಎರಡಕ್ಕೂ ಅವನ ಕಾರ್ಯದರ್ಶಿಯಿಂದ ಒಂದೇ ಉತ್ತರ: ಹಳೆಯ ವಿಷಯಗಳ ಬಗ್ಗೆ ಲಾರ್ಡ್ ಟ್ರೆಡ್‌ಗೋಲ್ಡ್ ಅವರು ಮಾತಾಡುವುದಿಲ್ಲ. ಅವಳು ನಾಲ್ಕನೆಯ ಪುಸ್ತಕ ಬರೆಯಲು ಕೂತಳು. 'ನಲವತ್ತು ಊರುಗಳಿಗೆ ಕೊಟ್ಟ ಮಾತು' ಎಂದು ಅದರ ಹೆಸರು. ಅದರಲ್ಲಿ ಐದನೆಯ ಊರು ಥಾರ್ನ್‌ಶಾ.

ಪುಸ್ತಕದ ಮೊದಲ ಪ್ರತಿ ಮನೆಗೆ ಬಂದ ದಿನ ಎನಿಡ್ ಕತ್ತರಿಯಿಂದ ಪೊಟ್ಟಣ ಕತ್ತರಿಸಿ, ಹೊರಗೆ ತೆಗೆದು ನೋಡಿ ಹಾಗೇ ನಿಂತುಬಿಟ್ಟಳು. ಮುಖಪುಟದಲ್ಲಿ, ಅವಳ ಹೆಸರಿಗಿಂತ ಮೇಲೆ, ಕೆಂಪು ಅಕ್ಷರಗಳಲ್ಲಿ ಅಚ್ಚಾಗಿತ್ತು: 'ಧೈರ್ಯದ, ಪ್ರಾಮಾಣಿಕ ಪುಸ್ತಕ. ದೇಶ ಆಳುವವರೆಲ್ಲ ಓದಲೇಬೇಕು. ಲಾರ್ಡ್ ಟ್ರೆಡ್‌ಗೋಲ್ಡ್.'

ಅವಳ ಮೈಯೆಲ್ಲ ಉರಿದುಹೋಯಿತು. ಫೋನ್ ಮಾಡಲು ಹೋಗಿ ಸಂಖ್ಯೆ ಎರಡು ಸಲ ತಪ್ಪು ಒತ್ತಿದಳು. ಪ್ರಕಾಶನದ ಕಚೇರಿಯಲ್ಲಿ ಫೋನೆತ್ತಿದವಳು ಪಿಪ್ಪಾ, ಪುಸ್ತಕ ಮಾರಾಟದ ಉಸ್ತುವಾರಿ ಹೊತ್ತಿದ್ದ ಚುರುಕು ಹೆಂಗಸು.

"ಮುಖಪುಟ ನೋಡಿದ್ರಾ? ಚೆನ್ನಾಗಿ ಬಂದಿದೆ ಅಲ್ವಾ?" ಎಂದಳು ಪಿಪ್ಪಾ.

"ಆ ಮನುಷ್ಯನ ಹತ್ತಿರ ಹೋಗು ಅಂತ ನಿನಗೆ ಯಾರು ಹೇಳಿದರು?"

"ಯಾಕೆ ಎನಿಡ್? ದೊಡ್ಡ ಹೆಸರು. ಎರಡೇ ದಿನದಲ್ಲಿ ಬರೆದುಕೊಟ್ರು."

"ಎರಡೇ ದಿನದಲ್ಲಿ. ಪಿಪ್ಪಾ, ನೀನು ಪುಸ್ತಕ ಓದಿದ್ದೀಯಾ?"

ಪಿಪ್ಪಾ ಗಂಟಲು ಸರಿಮಾಡಿಕೊಂಡಳು. ಪುಸ್ತಕವನ್ನು ಓದಿ ತಿದ್ದಿದ್ದ ಸಂಪಾದಕ ವಸಂತದಲ್ಲೇ ಕೆಲಸ ಬಿಟ್ಟು ಹೋಗಿದ್ದ. ವಕೀಲರು ಓದಿದ್ದರು, ಆದರೆ ವಕೀಲರು ಮಾರಾಟದವರ ಜೊತೆ ಮಾತಾಡುವುದಿಲ್ಲ. "ಪೂರ್ತಿ ಓದೋಕೆ ಆಗಲಿಲ್ಲ. ಆದರೆ ಸುಮ್ಮನೆ ಕಳಿಸಲಿಲ್ಲ ನಾನು. ಅವರ ಬಗ್ಗೆ ಏನಾದ್ರೂ ಇದ್ದರೆ ತೊಂದರೆ ಅಂತ ಮೊದಲು ಸೂಚಿ ನೋಡಿದೆ. ಹೆಸರು ಇರಲಿಲ್ಲ. ಆಮೇಲೇ ಕಳಿಸಿದ್ದು."

ಎನಿಡ್ ಗೋಡೆಗೆ ಒರಗಿದಳು. ತಾನೇ ತೋಡಿದ ಗುಂಡಿ. ಅವನು ಓದಲಿ ಎಂದು ಹೆಸರು ಬಿಟ್ಟರೆ, ಹೆಸರಿಲ್ಲ ಎಂದೇ ಅವನು ಓದದೆ ಹೊಗಳಿದ್ದ. ತನ್ನ ಊರಿಗೆ ಬೀಗ ಹಾಕಿದವನು, ತನ್ನ ಊರಿನ ಕಥೆಯ ಹಣೆಯ ಮೇಲೆ ಹತ್ತಿ ಕೂತಿದ್ದ.

"ತೆಗೆಸು ಅದನ್ನ," ಎಂದಳು.

"ಅಚ್ಚಾಗಿ ಹೋಗಿದೆ ಎನಿಡ್. ಲಾರಿ ಹೊರಟಿದೆ. ಅಲ್ಲದೆ ಗುರುವಾರ ಬಿಡುಗಡೆಗೆ ಅವರೇ ಮುಖ್ಯ ಅತಿಥಿ. ಒಂದು ಪುಟ ಓದ್ತಾರೆ, ಅವರ ಕಂಠ ಗೊತ್ತಲ್ಲ ನಿಮಗೆ. ಯಾವ ಪುಟ ಅಂತ ನೀವೇ ಆರಿಸಿ ಹೇಳಿ."

ಎನಿಡ್ ಕೈಯಲ್ಲಿದ್ದ ಪ್ರತಿಯ ಐದನೆಯ ಅಧ್ಯಾಯ ತೆರೆದಳು. "ನೂರ ಹನ್ನೆರಡು," ಎಂದಳು. "ಪುಟದ ಸಂಖ್ಯೆ ಅವನಿಗೆ ಇವತ್ತೇ ಕಳಿಸು. ಮುಂಚೆ ಓದಿಕೊಂಡು ಬರಲಿ."

ಹಾಗೆ ಹೇಳಿಬಿಟ್ಟಳೇನೋ ಸರಿ, ಗುರುವಾರದವರೆಗೆ ಅವಳಿಗೆ ಊಟ ಸೇರಲಿಲ್ಲ. ಅವನು ಆ ಪುಟ ತೆರೆದು ನೋಡಿದರೆ ಗುರುವಾರ ಖಂಡಿತ ಕೆಮ್ಮೋ ಜ್ವರವೋ ಬರುತ್ತದೆ, ಬಿಡುಗಡೆಗೆಂದು ಊರಿಂದ ಬರಲಿದ್ದ ಡೋರೀನ್ ಬಂದ ದಾರಿಗೆ ಸುಂಕವಿಲ್ಲದೆ ವಾಪಸು ರೈಲು ಹತ್ತಬೇಕು. ಆದರೂ ಕದ್ದು ಮುಚ್ಚಿ ಅವನನ್ನು ಹಿಡಿಯಲು ಅವಳಿಗೆ ಮನಸ್ಸಿರಲಿಲ್ಲ. ಕದ್ದು ಮುಚ್ಚಿ ಮಾಡುವುದು ಅವನ ಕಸುಬು.

ಡೋರೀನ್ ಗುರುವಾರ ಮಧ್ಯಾಹ್ನ ಬಂದಿಳಿದಳು. ಎಪ್ಪತ್ತು ದಾಟಿದ ಮೊಣಕಾಲು, ಚರ್ಚಿಗೆ ಹಾಕುವ ನೀಲಿ ಕೋಟು, ಕೈಯಲ್ಲಿ ಎನಿಡ್ ಅಂಚೆಯಲ್ಲಿ ಕಳಿಸಿದ್ದ ಪುಸ್ತಕ.

"ಎಂಥಾ ಚಹಾ ಇದು, ನೀರು ಕಾಯಿಸಿ ಎಲೆ ತೋರಿಸಿದ್ದಾರೆ," ಎಂದಳು ನಿಲ್ದಾಣದಲ್ಲಿ. ಆಮೇಲೆ ಮುಖಪುಟವನ್ನು ಬೆರಳಲ್ಲಿ ಕುಟ್ಟಿ, "ಇದೇನೇ ಇದು? ಬೆಣ್ಣೆ ಹಚ್ಚೋಕೆ ನಿನಗೆ ಬೇರೆ ಯಾರೂ ಸಿಗಲಿಲ್ವಾ?"

"ನಾನು ಕೇಳಿದ್ದಲ್ಲ ಡೋರೀನ್."

"ನನಗೆ ಬಂದ ಕೋಪಕ್ಕೆ ಒಲೆಗೆ ಹಾಕ್ತಿದ್ದೆ. ನಮ್ಮ ಮನೇಲಿ ಕಾಗದ ಒಲೆಗೆ ಹಾಕಿ ಸಾಕಾಗಿದೆ ಅಂತ ಬಿಟ್ಟೆ."

ಬಿಡುಗಡೆ ಇದ್ದದ್ದು ಪುಸ್ತಕದಂಗಡಿಯ ಮೇಲಂತಸ್ತಿನಲ್ಲಿ. ಬಿಸಿಯೇರಿದ ಬಿಳಿ ವೈನ್, ಬಟ್ಟಲಲ್ಲಿ ಚಿಪ್ಸು, ಹಳೆಯ ಸಹೋದ್ಯೋಗಿಗಳು, ಖಜಾನೆಯಲ್ಲಿ ಕೆಲಸ ಮಾಡಿ ಮುದುಕರಾದ ಕೆಲವರು. ಬಂದವರು ಬಂದ ಹಾಗೆ ರಾಶಿಯಿಂದ ಒಂದೊಂದು ಪ್ರತಿ ಎತ್ತಿ ಹಿಂದಿನಿಂದ ತೆರೆದು ನೋಡುತ್ತಿದ್ದರು. ಟ್ರೆಡ್‌ಗೋಲ್ಡ್ ಬರಲಾರ ಎಂದು ಎನಿಡ್ ನಿಶ್ಚಯ ಮಾಡಿಕೊಳ್ಳುವಷ್ಟರಲ್ಲಿ ಅವನು ಮೆಟ್ಟಿಲು ಹತ್ತಿ ಬಂದ. ಎಂಬತ್ತಾದರೂ ಬೆನ್ನು ಬಾಗಿರಲಿಲ್ಲ. ಬಾಗಿಸುವಂಥ ಹೊರೆಯನ್ನು ಅವನು ಯಾವತ್ತು ಹೊತ್ತಿದ್ದ?

"ನಮ್ಮ ಕೂಡೋ ಕಳೆಯೋ ಎನಿಡ್," ಎಂದು ಎರಡೂ ಕೈ ಚಾಚಿದ.

ಎನಿಡ್ ಕೈ ಕೊಡಲಿಲ್ಲ. "ಪುಸ್ತಕ ಓದಿದಿರಾ?"

"ಒಂದೇ ಗುಕ್ಕಿಗೆ."

"ಐದನೇ ಅಧ್ಯಾಯ?"

"ಅದೇ ನೋಡು ಎಲ್ಲದಕ್ಕಿಂತ ಚೆನ್ನಾಗಿರೋದು."

"ನೀವು ಓದಬೇಕಾದ ಪುಟ ಕಳಿಸಿದ್ದರಲ್ಲ, ಅದನ್ನ ನೋಡಿಕೊಂಡ್ರಾ? ಈಗಲಾದರೂ ನೋಡಿ. ಸಮಯ ಇದೆ."

"ನನಗೆ ಅಭ್ಯಾಸ ಬೇಕಾ?" ಅವನು ನಕ್ಕ. "ಐವತ್ತು ವರ್ಷ ಬೇರೆಯವರು ಬರೆದದ್ದನ್ನೇ ಓದಿದ್ದೀನಿ. ಕೊಡು, ಓದ್ತೀನಿ."

ಇನ್ನು ಎಷ್ಟು ಹೇಳುವುದು. ಎನಿಡ್ ಪಕ್ಕಕ್ಕೆ ಸರಿದಳು. ಡೋರೀನ್ ಮುಂದಿನ ಸಾಲಿನ ತುದಿಯ ಕುರ್ಚಿಯಲ್ಲಿ ಕೈಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಕೂತಿದ್ದಳು. ಟ್ರೆಡ್‌ಗೋಲ್ಡ್ ಕನ್ನಡಕ ಏರಿಸಿ, ಪುಟ ತೆರೆದು, ಎಲ್ಲರನ್ನೂ ಒಮ್ಮೆ ನೋಡಿ ಓದತೊಡಗಿದ. ಕಂಠ ಮಾತ್ರ ನಿಜಕ್ಕೂ ಚೆನ್ನಾಗಿತ್ತು, ಹಾಳಾದ್ದು.

'ಮಂತ್ರಿ ಕೋಟು ಕಳಚಿಟ್ಟು, ಅಂಗಿಯ ತೋಳು ಮಡಿಸಿ, ಕ್ಯಾಂಟೀನಿನ ಉದ್ದನೆಯ ಬೆಂಚಿನಲ್ಲಿ ಹೆಂಗಸರ ನಡುವೆ ಕೂತ. ಪೈ ತಿಂದ. ಇನ್ನೊಮ್ಮೆ ಹಾಕಿಸಿಕೊಂಡ. ಜೊತೆಗಿಟ್ಟ ಕೆಂಪು ಎಲೆಕೋಸು ಬೇಡವೆಂದ.'

ಕೆಲವರು ನಕ್ಕರು. ನಗು ಕೇಳಿ ಅವನಿಗೆ ಹುರುಪು ಬಂತು. ಬಡಿಸುವ ಹೆಂಗಸಿನ ಮಾತು ಬಂದಾಗ ಅವನು ಸ್ವರ ಬದಲಿಸಿ, ಉತ್ತರದ ಬಡವರ ರಾಗ ಎಳೆದು, ಮೂಗಿನಲ್ಲಿ ಓದಿದ: 'ಸ್ವಾಮಿ, ನಮ್ಮ ಕಾರ್ಖಾನೆ ಉಳಿಯುತ್ತದೆಯೇ? ನನ್ನ ಗಂಡ ಕೆನಡಾಕ್ಕೆ ಹೋಗಬೇಕೋ ಬೇಡವೋ, ನೀವೇ ಹೇಳಿ.'

ಮತ್ತೆ ನಗು. ಎನಿಡ್ ಅಕ್ಕನ ಕಡೆ ನೋಡಿದಳು. ಡೋರೀನ್ ಕೈಚೀಲದ ಹಿಡಿಯನ್ನು ಹಿಂಡುತ್ತಿದ್ದಳು. ಎನಿಡ್‌ಗೆ ಎದ್ದು ಹೋಗಿ ಅವನ ಕೈಯಿಂದ ಪುಸ್ತಕ ಕಿತ್ತು ಅವನ ತಲೆಗೇ ಕುಕ್ಕಬೇಕೆನಿಸಿತು. ಕುಕ್ಕಲಿಲ್ಲ, ಹಲ್ಲು ಕಚ್ಚಿ ನಿಂತಳು.

'ಮಂತ್ರಿ ಅವಳ ಕೈ ಹಿಡಿದು ಹೇಳಿದ: ಈ ಕಾರ್ಖಾನೆ ಎಲ್ಲಿಗೂ ಹೋಗುವುದಿಲ್ಲ, ಇದು ನನ್ನ ಮಾತು. ಅದಕ್ಕೆ ಮೂರು ದಿನ ಮೊದಲು ಅವನು ತನ್ನ ಅಧಿಕಾರಿಗಳಿಗೆ ಬರೆದ ಟಿಪ್ಪಣಿ ಹೀಗಿದೆ: ಥಾರ್ನ್‌ಶಾ ಮುಚ್ಚುವ ಆದೇಶಕ್ಕೆ ನಾನು ಇಂದು ಸಹಿ ಹಾಕಿದ್ದೇನೆ. ನನ್ನ ಭೇಟಿ ಮುಗಿಯುವವರೆಗೆ ಈ ವಿಷಯ ಊರಿನವರಿಗೆ ತಿಳಿಯಕೂಡದು.'

ಐವತ್ತು ವರ್ಷದ ಅಭ್ಯಾಸ, ಬಾಯಿ ಮುಂದೆ, ಬುದ್ಧಿ ಹಿಂದೆ. ಊರಿನ ಹೆಸರಿನ ಹತ್ತಿರ ಅವನ ದನಿ ಸ್ವಲ್ಪ ತಡವರಿಸಿತಾದರೂ ನಾಲಗೆ ನಿಲ್ಲಲಿಲ್ಲ, ಕೊನೆಯ ಪದದವರೆಗೂ ಸ್ಪಷ್ಟವಾಗಿ ಓದಿಬಿಟ್ಟಿತು. ಟಿಪ್ಪಣಿಯ ಕೆಳಗೆ ಸಹಿ ಮಾಡಿದವನ ಹೆಸರಿತ್ತು. ಅವನು ಅದನ್ನು ನೋಡಿದ. ಕೋಣೆಯಲ್ಲಿ ಯಾರೋ ಚಿಪ್ಸು ಅಗಿಯುವುದನ್ನು ನಿಲ್ಲಿಸಿದರು.

ಅವನು ಪುಸ್ತಕವನ್ನು ಸರ್ರನೆ ಕೊನೆಗೆ ತಿರುಗಿಸಿ, ಸೂಚಿಯ ಮೇಲೆ ಬೆರಳಿಟ್ಟು, ಮೋಸಹೋದ ಗಿರಾಕಿಯ ಮುಖ ಮಾಡಿ ಎನಿಡ್ ಕಡೆ ನೋಡಿದ. "ಇದರಲ್ಲಿ ನಾನು ಇರಲಿಲ್ಲವಲ್ಲ," ಎಂದ.

ಹಿಂದಿನ ಸಾಲಿನಲ್ಲಿ ಒಬ್ಬ ಪತ್ರಕರ್ತ ಫಕ್ಕನೆ ನಕ್ಕು, ಪಕ್ಕದವರ ಮುಖ ನೋಡಿ ಸುಮ್ಮನಾದ. ಪಿಪ್ಪಾಳ ಮುಖ ಗೋಡೆಯ ಹಾಗೆ ಬಿಳಿಚಿಕೊಂಡಿತ್ತು.

ಡೋರೀನ್ ಎದ್ದು ನಿಂತಳು. "ಕೆಳಗಿನ ಹೆಸರು ಓದಲಿಲ್ಲ ನೀವು."

"ಕನ್ನಡಕ... ಅಕ್ಷರ ಸಣ್ಣದು."

ಡೋರೀನ್ ತನ್ನ ಕನ್ನಡಕ ತೆಗೆದು ಅವನ ಮುಂದೆ ಹಿಡಿದಳು. ಅವನು ತೆಗೆದುಕೊಳ್ಳಲಿಲ್ಲ.

"ನೀವು ಮೂಗಲ್ಲಿ ಆಡಿ ತೋರಿಸಿದ್ರಲ್ಲ, ಆ ಹೆಂಗಸು ನಾನೇ. ನಾನು ಹಾಗೆ ಮಾತಾಡಲ್ಲ," ಎಂದಳು ಡೋರೀನ್.

ಟ್ರೆಡ್‌ಗೋಲ್ಡ್ ಬೇಗ ಚೇತರಿಸಿಕೊಂಡ. ಅವನ ಜಾತಿಯವರು ಬೇಗ ಚೇತರಿಸಿಕೊಳ್ಳುತ್ತಾರೆ. "ನೋಡಿ ಅಮ್ಮ, ಆ ಕಾಲವೇ ಹಾಗಿತ್ತು. ಕಷ್ಟದ ತೀರ್ಮಾನಗಳು. ದೇಶದ ಒಟ್ಟು ಹಿತ..."

"ಅದನ್ನೆಲ್ಲ ನನ್ನ ತಂಗಿ ನಾಲ್ಕು ಪುಸ್ತಕದಲ್ಲಿ ಬರೆದಿದ್ದಾಳೆ, ಓದಿ. ನಾನು ಕೇಳ್ತಿರೋದು ಒಂದೇ. ನನ್ನ ಕೈ ಹಿಡಿದು ಮಾತು ಕೊಟ್ಟಾಗ ನಿಮಗೆ ಗೊತ್ತಿತ್ತಾ?"

ಅವನು ಬಾಗಿಲ ಕಡೆ ನೋಡಿದ. ಬಾಗಿಲವರೆಗೂ ಜನ ನಿಂತಿದ್ದರು, ಅರ್ಧದಷ್ಟು ಪತ್ರಿಕೆಯವರು. ಎನಿಡ್ ನಲವತ್ತು ವರ್ಷ ಕೇಳಿದ ಪ್ರಶ್ನೆಗಳಿಗೆಲ್ಲ ಇಂಥವರು ಉದ್ದುದ್ದ ಉತ್ತರ ಕೊಟ್ಟಿದ್ದರು, ಒಂದನ್ನೂ ಅವಳು ನಂಬಿರಲಿಲ್ಲ.

"ಗೊತ್ತಿತ್ತು," ಎಂದ ಅವನು, ಪುಸ್ತಕದ ಕಡೆ ನೋಡುತ್ತ, ಕೇಳಿಸಿಯೂ ಕೇಳಿಸದಂತೆ.

"ಜೋರಾಗಿ ಹೇಳಿ," ಎಂದಳು ಡೋರೀನ್. "ನನ್ನ ಗಂಡನಿಗೆ ಆ ಯಂತ್ರಗಳ ಸದ್ದಿಗೆ ಕಿವಿ ಹೋಗಿತ್ತು. ನಿಮ್ಮ ಮಾತನ್ನ ಅವತ್ತು ನಾನೇ ಅವನ ಕಿವಿ ಹತ್ತಿರ ಕೂಗಿ ಹೇಳಿದ್ದೆ."

ಟ್ರೆಡ್‌ಗೋಲ್ಡ್ ತಲೆಯೆತ್ತಿದ. ಆ ಚೆಂದದ ಕಂಠ ಒಡೆದಿತ್ತು, ಆದರೆ ಮೆಟ್ಟಿಲ ಕೆಳಗಿನ ಗಲ್ಲಾದವರೆಗೂ ಕೇಳಿಸಿತು. "ಗೊತ್ತಿತ್ತು."

ಡೋರೀನ್ ಕನ್ನಡಕ ಹಾಕಿಕೊಂಡು ಕೂತಳು. ಎನಿಡ್ ಹತ್ತಿರ ಹೋಗಿ ಅವಳ ಪಕ್ಕದಲ್ಲಿ ನಿಂತಳು. ಕೋಪ ಇಳಿದೀತು ಎಂದುಕೊಂಡಿದ್ದಳು, ಇಳಿದಿರಲಿಲ್ಲ. ಇಷ್ಟು ಸುಲಭದ ಒಂದು ಪದವನ್ನು ಆಲ್ಫ್ ಬದುಕಿದ್ದಾಗ ಹೇಳಲು ಈ ಮನುಷ್ಯನಿಗೆ ಏನು ದಾಡಿಯಾಗಿತ್ತು ಎಂದು ಅದು ಇನ್ನೂ ಹೆಚ್ಚಾಗಿತ್ತು.

"ಆಲ್ಫ್ ಇದ್ದಾನೆ ಇದರಲ್ಲಿ," ಎಂದಳು ಡೋರೀನ್, ತನ್ನ ಪ್ರತಿಯ ಕೊನೆಯ ಹಾಳೆಗಳನ್ನು ತೆರೆದು. "ಡಕ್ಸ್‌ಬರಿ, ಆಲ್ಫ್, ಫಿಟ್ಟರ್. ಮನೇಲೇ ನೋಡಿದೆ."

"ನೀನೂ ಹಿಂದಿನಿಂದಲೇ ನೋಡಿದ್ಯಾ?"

"ಮತ್ತೆ? ಅವನೊಬ್ಬನೇ ತಾನೆ ನನಗೆ ಗೊತ್ತಿರೋನು," ಎಂದು ಡೋರೀನ್ ಆ ಸಾಲಿನ ಮೇಲೆ ಬೆರಳಿಟ್ಟುಕೊಂಡೇ ಕೂತಳು.